ಅಪಘಾತದ ಗಾಯಕ್ಕೆ ಪುರಾವೆ: ಆರು ತಿಂಗಳ ಗಡುವಿನ ಗೊಂದಲದಲ್ಲಿ ಮರೆಯಾದ ಪ್ರಶ್ನೆ

ರಸ್ತೆ ಅಪಘಾತದಲ್ಲಿ ಗಾಯಗೊಂಡವರು ಆರು ತಿಂಗಳೊಳಗೆ ಪರಿಹಾರದ ಅರ್ಜಿ ಸಲ್ಲಿಸಬೇಕೆಂಬ ನಿಯಮವನ್ನು ಪ್ರಶ್ನಿಸಿದ ಪ್ರಕರಣಗಳಲ್ಲಿ ಸುಪ್ರೀಂ ಕೋರ್ಟ್ 2025ರ ನವೆಂಬರ್‌ನಲ್ಲಿ ಮಧ್ಯಂತರ ಆದೇಶವೊಂದನ್ನು ನೀಡಿತು. ಗಡುವು ಮೀರಿದೆ ಎಂಬ ಕಾರಣಕ್ಕೆ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಗಳಾಗಲಿ ಹೈಕೋರ್ಟ್‌ಗಳಾಗಲಿ ಸದ್ಯಕ್ಕೆ ಅರ್ಜಿಗಳನ್ನು ವಜಾ ಮಾಡಬಾರದು ಎಂಬುದು ಅದರ ಸಾರ. ಸುದ್ದಿ ಬಾಯಿಂದ ಬಾಯಿಗೆ ಹರಡುವಷ್ಟರಲ್ಲಿ ‘ಅಪಘಾತದ ಕೇಸು ಇನ್ನು ಯಾವಾಗ ಬೇಕಾದರೂ ಹಾಕಬಹುದು’ ಎಂಬ ರೂಪ ತಾಳಿತು. ಈ ತಿಳಿವಳಿಕೆಯಿಂದ ಗಾಯಾಳುಗಳಿಗೇ ಹಾನಿ. ಅರ್ಜಿ ದಾಖಲಾಗುವುದು ಬೇರೆ, ಅರ್ಜಿಯಲ್ಲಿ ಹೇಳಿದ್ದು ಸಾಬೀತಾಗುವುದು ಬೇರೆ. ಕೋರ್ಟು ಗಡುವನ್ನು ಸಡಿಲಿಸಬಲ್ಲದು; ಕಳೆದುಹೋದ ಎಕ್ಸ್‌ರೇಯನ್ನಾಗಲಿ, ಅಳಿಸಿಹೋದ ಸಿಸಿಟಿವಿ ದೃಶ್ಯವನ್ನಾಗಲಿ ಮರಳಿ ತಂದುಕೊಡಲಾರದು.

ಪುಣೆ–ಬೆಂಗಳೂರು ಹೆದ್ದಾರಿ ಧಾರವಾಡ, ಹುಬ್ಬಳ್ಳಿ, ಶಿಗ್ಗಾವಿ, ಹಾವೇರಿ, ರಾಣೆಬೆನ್ನೂರುಗಳನ್ನು ದಾಟಿಕೊಂಡು ಹೋಗುವ ಈ ಭಾಗದಲ್ಲಿ ಪ್ರಶ್ನೆ ಬರೀ ಕಾನೂನಿನ ಪುಸ್ತಕದ್ದಲ್ಲ. ಹುಬ್ಬಳ್ಳಿ–ಧಾರವಾಡ ಬೈಪಾಸ್‌ನ ಇಟಿಗಟ್ಟಿ ಬಳಿ 2021ರ ಜನವರಿಯಲ್ಲಿ ನಡೆದಂಥ ದುರಂತಗಳು ದೇಶದ ಗಮನ ಸೆಳೆಯುತ್ತವೆ. ಆದರೆ ಕಾಲಿಗೆ ರಾಡ್ ಹಾಕಿಸಿಕೊಂಡು ಊರಿಗೆ ಮರಳಿ, ಮೊದಲಿನಂತೆ ದುಡಿಯಲಾಗದೆ ಉಳಿದವರ ಹೋರಾಟ ಯಾರ ಕಣ್ಣಿಗೂ ಬೀಳದೆ ನ್ಯಾಯಮಂಡಳಿಯ ಕಡತಗಳಲ್ಲಿ ವರ್ಷಗಟ್ಟಲೆ ನಡೆಯುತ್ತದೆ.

ಗಡುವಿನ ಹಿನ್ನೆಲೆ

ಆರು ತಿಂಗಳ ಮಿತಿ ಹೊಸದೇನಲ್ಲ. 1939ರ ಮೋಟಾರು ವಾಹನ ಕಾಯ್ದೆಯಲ್ಲೂ ಅದು ಇತ್ತು, ತಡಕ್ಕೆ ತಕ್ಕ ಕಾರಣವಿದ್ದರೆ ಮನ್ನಿಸುವ ಅವಕಾಶವೂ ಇತ್ತು. 1988ರ ಕಾಯ್ದೆ ಮೂಲದಲ್ಲಿ ಆರು ತಿಂಗಳ ಮಿತಿಯನ್ನು ಉಳಿಸಿಕೊಂಡು, ಸಕಾರಣವಿದ್ದರೆ ಒಂದು ವರ್ಷದವರೆಗೆ ಅರ್ಜಿ ಸ್ವೀಕರಿಸಬಹುದೆಂದಿತು. ಆಸ್ಪತ್ರೆಯಲ್ಲಿ ಮಲಗಿದ ಮನುಷ್ಯನಿಗೆ ಕಾಲಮಿತಿಯ ಅರಿವೇ ಇರುವುದಿಲ್ಲ ಎಂಬುದನ್ನು ಮನಗಂಡ ಸಂಸತ್ತು 1994ರ ತಿದ್ದುಪಡಿಯಲ್ಲಿ ಮಿತಿಯನ್ನೇ ಕಿತ್ತುಹಾಕಿತು. 2019ರ ತಿದ್ದುಪಡಿ ಅದನ್ನು 166(3)ನೇ ಕಲಮಾಗಿ ಮರಳಿ ತಂದಿತು, ಮತ್ತು ಈ ಸಲ ತಡವನ್ನು ಮನ್ನಿಸುವ ಮಾತೇ ಕಲಮಿನಲ್ಲಿ ಇರಲಿಲ್ಲ. ಅದು ಜಾರಿಗೆ ಬಂದದ್ದು 2022ರ ಏಪ್ರಿಲ್ 1ರಂದು.

ಮಿತಿಯನ್ನು ಸಮರ್ಥಿಸುವವರ ವಾದದಲ್ಲಿ ಹುರುಳಿಲ್ಲದಿಲ್ಲ. ಮೂರು ನಾಲ್ಕು ವರ್ಷಗಳ ಬಳಿಕ ಅರ್ಜಿ ಬಂದರೆ ಅಪಘಾತ ನಿಜವಾಗಿ ಹೇಗೆ ನಡೆಯಿತೆಂದು ಪರಿಶೀಲಿಸುವುದು ವಿಮಾ ಕಂಪನಿಗೆ ಕಷ್ಟ, ಸುಳ್ಳು ಕ್ಲೇಮುಗಳಿಗೆ ಅದೇ ದಾರಿಯಾಗುತ್ತದೆ ಎನ್ನುತ್ತಾರೆ ಅವರು. ವಿರೋಧಿಸುವವರು ತೋರಿಸುವುದು ಅದೇ ಕಾಯ್ದೆಯ ಮುಂದಿನ ಸಾಲನ್ನು. 166(4)ನೇ ಕಲಮಿನ ಪ್ರಕಾರ ಪೊಲೀಸರು ಕಳುಹಿಸುವ ಅಪಘಾತ ವರದಿಯನ್ನೇ ನ್ಯಾಯಮಂಡಳಿ ಪರಿಹಾರದ ಅರ್ಜಿಯೆಂದು ಪರಿಗಣಿಸಬೇಕು. 2022ರಿಂದ ಜಾರಿಯಲ್ಲಿರುವ ಕೇಂದ್ರದ ನಿಯಮಗಳಂತೆ ತನಿಖಾಧಿಕಾರಿ 48 ಗಂಟೆಗಳಲ್ಲಿ ಪ್ರಥಮ ಅಪಘಾತ ವರದಿಯನ್ನು, 50 ದಿನಗಳಲ್ಲಿ ಮಧ್ಯಂತರ ವರದಿಯನ್ನು, 90 ದಿನಗಳಲ್ಲಿ ವಿಸ್ತೃತ ವರದಿಯನ್ನು ಸಲ್ಲಿಸಬೇಕು. ಈ ಕೆಲಸ ಸರಿಯಾಗಿ ನಡೆದರೆ ಗಾಯಾಳು ಕೋರ್ಟಿನ ಮೆಟ್ಟಿಲು ಹತ್ತುವ ಮೊದಲೇ ಅರ್ಜಿ ಅಲ್ಲಿರಬೇಕು. ವರದಿ ಕಳುಹಿಸುವ ಹೊಣೆ ಪೊಲೀಸರದ್ದು, ವರದಿ ಹೋಗದಿದ್ದರೆ ಹಕ್ಕು ಕಳೆದುಕೊಳ್ಳುವವನು ಗಾಯಾಳು. ಇದು ಯಾವ ನ್ಯಾಯ ಎಂಬುದು ಅವರ ಪ್ರಶ್ನೆ. ಈ ವಾದವೇ ಹೆಚ್ಚು ತೂಕದ್ದು ಎಂಬುದು ಈ ಲೇಖಕನ ಅಭಿಪ್ರಾಯ.

ಹಾಗಿದ್ದರೂ ಮಧ್ಯಂತರ ಆದೇಶ ಕಲಮನ್ನು ರದ್ದು ಮಾಡಿಲ್ಲ. ಅಂತಿಮ ತೀರ್ಪು ಯಾವ ಕಡೆಗೂ ವಾಲಬಹುದು. ಆದ್ದರಿಂದ ಆರು ತಿಂಗಳೊಳಗೆ ಅರ್ಜಿ ಹಾಕಲು ಸಾಧ್ಯವಿರುವವರು ಆದೇಶವನ್ನು ನೆಚ್ಚಿ ಕೂರುವುದು ಸಲ್ಲದು. ಅಪಘಾತ ತುಮಕೂರಿನ ಬಳಿ ನಡೆದಿದ್ದರೂ ಗಾಯಾಳು ಹಾವೇರಿ ಜಿಲ್ಲೆಯ ನಿವಾಸಿಯಾಗಿದ್ದರೆ ತನ್ನ ವಾಸಸ್ಥಳದ ವ್ಯಾಪ್ತಿಯ ನ್ಯಾಯಮಂಡಳಿಯಲ್ಲೇ ಅರ್ಜಿ ಹಾಕಬಹುದು. ದೂರದ ನೆಪವೂ ಇಲ್ಲಿ ನಿಲ್ಲುವುದಿಲ್ಲ.

ಸಾಬೀತಾಗಬೇಕಾದ್ದು ಏನೇನು

166ನೇ ಕಲಮಿನಡಿ ಹಾಕುವ ಕ್ಲೇಮಿನಲ್ಲಿ ಗಾಯಾಳು ಒಂದರ ಮೇಲೊಂದು ನಿಲ್ಲುವ ಮೂರು ಸಂಗತಿಗಳನ್ನು ತೋರಿಸಬೇಕು. ಹೆಸರಿಸಿದ ವಾಹನದಿಂದಲೇ, ಅದರ ಚಾಲಕನ ಅಜಾಗರೂಕತೆಯಿಂದಲೇ ಅಪಘಾತವಾಯಿತು ಎಂಬುದು ಮೊದಲನೆಯದು. ಈಗ ತೋರಿಸುತ್ತಿರುವ ಗಾಯ ಆ ಅಪಘಾತದಲ್ಲೇ ಆದದ್ದು ಎಂಬುದು ಎರಡನೆಯದು. ಆ ಗಾಯದಿಂದ ತನ್ನ ದುಡಿಮೆಗೆ, ಬದುಕಿಗೆ ಇಂತಿಷ್ಟು ನಷ್ಟವಾಗಿದೆ ಎಂಬುದು ಮೂರನೆಯದು. ಮೊದಲಿನದು ಬಿದ್ದರೆ ಉಳಿದೆರಡಕ್ಕೆ ಬೆಲೆಯಿಲ್ಲ; ಮೊದಲೆರಡು ನಿಂತು ಮೂರನೆಯದು ಸಡಿಲವಾದರೆ ಪರಿಹಾರ ಸಿಗುತ್ತದೆ, ಆದರೆ ಆಗಿರುವ ನಷ್ಟಕ್ಕೆ ಅದು ಯಾವ ಲೆಕ್ಕಕ್ಕೂ ಸಾಲುವುದಿಲ್ಲ.

ಕ್ರಿಮಿನಲ್ ಕೇಸಿನಂತೆ ಸಂಶಯಕ್ಕೆ ಎಡೆಯಿಲ್ಲದ ಪುರಾವೆಯನ್ನು ಇಲ್ಲಿ ಯಾರೂ ಕೇಳುವುದಿಲ್ಲ. ಯಾವ ಸಂಗತಿ ನಡೆದಿರುವ ಸಂಭವ ಹೆಚ್ಚು ಎಂಬುದಷ್ಟೇ ಅಳತೆಗೋಲು ಎಂದು ಬಿಮಲಾ ದೇವಿ (2009) ಪ್ರಕರಣದಿಂದ ಸುನೀತಾ (2019) ಪ್ರಕರಣದವರೆಗೆ ಸುಪ್ರೀಂ ಕೋರ್ಟ್ ಪದೇ ಪದೇ ಹೇಳಿದೆ. ಎಫ್‌ಐಆರ್ ತಡವಾಯಿತೆಂಬ ಒಂದೇ ಕಾರಣಕ್ಕೆ ಕ್ಲೇಮನ್ನು ತಳ್ಳಿಹಾಕುವಂತಿಲ್ಲ ಎಂದು 2011ರ ರವಿ ವಿರುದ್ಧ ಬದ್ರಿನಾರಾಯಣ ತೀರ್ಪು ಹೇಳಿದೆ. ಗಾಯಾಳುವಿನ ಮನೆಯವರು ಮೊದಲು ಓಡುವುದು ಆಸ್ಪತ್ರೆಗೇ ಹೊರತು ಠಾಣೆಗಲ್ಲ ಎಂಬ ಸಹಜ ತಿಳಿವು ಅದರ ಹಿಂದಿದೆ.

ತಪ್ಪು ಯಾರದೆಂಬ ಚರ್ಚೆಗೇ ಹೋಗದೆ ಪರಿಹಾರ ಕೇಳುವ ದಾರಿಯೂ ಉಂಟು. 164ನೇ ಕಲಮಿನಡಿ ತೀವ್ರ ಗಾಯಕ್ಕೆ 2.5 ಲಕ್ಷ ರೂಪಾಯಿ ನಿಗದಿಯಾಗಿದೆ. ಗುದ್ದಿ ಓಡಿಹೋದ ವಾಹನ ಪತ್ತೆಯಾಗದಿದ್ದರೆ ತೀವ್ರ ಗಾಯಕ್ಕೆ 50,000 ರೂಪಾಯಿ ಕೊಡುವ ಪ್ರತ್ಯೇಕ ಯೋಜನೆ 2022ರಿಂದ ಇದೆ. ಭಾರತೀಯ ನ್ಯಾಯ ಸಂಹಿತೆಯ 116ನೇ ಕಲಮಿನಂತೆ ಎಲುಬು ಮುರಿದರೆ, ಅಥವಾ ಗಾಯದಿಂದಾಗಿ ಹದಿನೈದು ದಿನ ನಿತ್ಯದ ಕೆಲಸ ಮಾಡಲಾಗದಿದ್ದರೆ ಅದು ತೀವ್ರ ಗಾಯ. ಹಳೆಯ ದಂಡ ಸಂಹಿತೆಯಲ್ಲಿ ಈ ಅವಧಿ ಇಪ್ಪತ್ತು ದಿನವಿತ್ತು.

ಮೊದಲ ರಾತ್ರಿ ಬರೆದ ಒಂದು ಸಾಲು

ಗಾಯದ ಕ್ಲೇಮುಗಳಲ್ಲಿ ಅತಿ ಹೆಚ್ಚು ಜಗ್ಗಾಟ ನಡೆಯುವುದು ಆಸ್ಪತ್ರೆಯ ಎಂಎಲ್‌ಸಿ (ವೈದ್ಯಕೀಯ-ಕಾನೂನು ಪ್ರಕರಣ) ರಿಜಿಸ್ಟರಿನ ಒಂದು ಸಾಲಿನ ಮೇಲೆ. ಅಪಘಾತದ ಗಾಯಾಳು ತುರ್ತು ಚಿಕಿತ್ಸಾ ಘಟಕಕ್ಕೆ ಬಂದೊಡನೆ ಡ್ಯೂಟಿ ಡಾಕ್ಟರು ‘ಹೇಗಾಯಿತು’ ಎಂದು ಕೇಳಿ, ಹೇಳಿದ್ದನ್ನು ಅಲ್ಲಿ ಬರೆದುಕೊಳ್ಳುತ್ತಾರೆ. ಗಾಯಾಳುವಿಗೆ ಎಚ್ಚರವಿರುವುದಿಲ್ಲ, ಇದ್ದರೂ ನೋವಿನಲ್ಲಿ ಮಾತು ಹೊರಡುವುದಿಲ್ಲ. ಉತ್ತರ ಹೇಳುವವನು ಕರೆತಂದ ಆಟೊದವನೋ, ದಾರಿಹೋಕನೋ, ಆಂಬುಲೆನ್ಸ್ ಸಿಬ್ಬಂದಿಯೋ ಆಗಿರುತ್ತಾನೆ. ಅಪಘಾತ ಆದದ್ದನ್ನು ಅವನು ಕಂಡಿಲ್ಲ. ಬೈಕಿನ ಪಕ್ಕ ಬಿದ್ದಿದ್ದವನನ್ನು ಕಂಡಿದ್ದಾನೆ. ಹಾಗಾಗಿ ‘ಬೈಕಿನಿಂದ ಬಿದ್ದದ್ದು’ ಎನ್ನುತ್ತಾನೆ. ಡಾಕ್ಟರು ಅದನ್ನೇ ಬರೆಯುತ್ತಾರೆ.

ಎರಡು ದಿನಗಳ ಬಳಿಕ ದೂರು ದಾಖಲಾಗುತ್ತದೆ. ಹಿಂದಿನಿಂದ ಬಂದ ಟಿಪ್ಪರ್ ಗುದ್ದಿತೆಂದು ಅದರಲ್ಲಿ ಇರುತ್ತದೆ. ವಿಚಾರಣೆಯಲ್ಲಿ ವಿಮಾ ಕಂಪನಿಯ ವಕೀಲರು ಆಸ್ಪತ್ರೆಯ ದಾಖಲೆಯನ್ನೂ ದೂರನ್ನೂ ಅಕ್ಕಪಕ್ಕ ಇಟ್ಟು, ‘ತಾನೇ ಬಿದ್ದ ಪ್ರಕರಣಕ್ಕೆ ಆಮೇಲೆ ವಾಹನವನ್ನು ಸೇರಿಸಿದ್ದಾರೆ’ ಎಂದು ವಾದಿಸುತ್ತಾರೆ. ಬಿದ್ದದ್ದೂ ನಿಜ, ಗುದ್ದಿದ್ದೂ ನಿಜ. ಆದರೆ ದಾಖಲೆಯಲ್ಲಿ ಇರುವುದು ಅರ್ಧ ಮಾತ್ರ. ಹೇಳಿಕೆ ಯಾರು ಕೊಟ್ಟರೆಂಬುದು ಬರೆದಿದೆಯೇ, ಗಾಯಾಳುವಿಗೆ ಆಗ ಎಚ್ಚರವಿತ್ತೇ, ಬೈಕಿನ ಹಿಂಭಾಗ ಜಜ್ಜಿದೆಯೆಂದು ಮೋಟಾರು ವಾಹನ ನಿರೀಕ್ಷಕರ ವರದಿ ಹೇಳುತ್ತದೆಯೇ, ಸ್ಥಳ ಪಂಚನಾಮೆಯಲ್ಲಿ ಟೈರಿನ ಗುರುತು ಎಲ್ಲಿದೆ ಎಂಬ ಪ್ರಶ್ನೆಗಳಿಗೆ ಉತ್ತರವಿದ್ದರೆ ಆ ಒಂದು ಸಾಲಿನ ಹಾನಿಯನ್ನು ಸರಿಪಡಿಸಬಹುದು. ಉತ್ತರವಿಲ್ಲದೆ ಹೋದರೆ ನಿಜವಾದ ಅಪಘಾತವೂ ಸುಳ್ಳಿನಂತೆ ಕಾಣತೊಡಗುತ್ತದೆ.

ಈ ಭಾಗದಲ್ಲಿ ತೊಡಕು ಹೆಚ್ಚಾಗಲು ಇನ್ನೊಂದು ಕಾರಣವಿದೆ. ರೋಣ ಅಥವಾ ಹಿರೇಕೆರೂರಿನ ಕಡೆ ಗಾಯಗೊಂಡವರು ಮೊದಲು ತಾಲ್ಲೂಕು ಆಸ್ಪತ್ರೆಗೆ, ಅಲ್ಲಿಂದ ಜಿಲ್ಲಾ ಕೇಂದ್ರಕ್ಕೆ, ಕೊನೆಗೆ ಹುಬ್ಬಳ್ಳಿಯ ಕಿಮ್ಸ್‌ಗೋ (ಈಗಿನ ಕೆಎಂಸಿಆರ್‌ಐ) ಖಾಸಗಿ ಆಸ್ಪತ್ರೆಗೋ ಬರುತ್ತಾರೆ. ಪ್ರತಿ ಕಡೆಯೂ ಹೊಸದಾಗಿ ವಿವರ ಬರೆಯಲಾಗುತ್ತದೆ; ಒಂದು ಕಡೆಯ ಸಮಯ ಇನ್ನೊಂದು ಕಡೆ ಹೊಂದುವುದಿಲ್ಲ, ಎಡಗಾಲು ಬಲಗಾಲಾಗುವುದೂ ಉಂಟು. ಮೊದಲ ಆಸ್ಪತ್ರೆಯ ಚೀಟಿ ‘ಬರೀ ಪಟ್ಟಿ ಕಟ್ಟಿದ್ದು’ ಎಂದು ಬಿಸಾಡಿದ್ದರೆ, ಅಪಘಾತಕ್ಕೂ ಗಾಯಕ್ಕೂ ಇರುವ ಕೊಂಡಿಯೇ ಕಳಚುತ್ತದೆ. ನಾಟಿ ವೈದ್ಯರ ಬಳಿ ಎಲುಬು ಕಟ್ಟಿಸಿಕೊಂಡವರ ಕೈಯಲ್ಲಂತೂ ಯಾವ ಕಾಗದವೂ ಇರುವುದಿಲ್ಲ. ಹಿರಿಯರು ಕೂತು ಸ್ಥಳದಲ್ಲೇ ರಾಜಿ ಮಾಡಿಸಿ ಹತ್ತೋ ಇಪ್ಪತ್ತೋ ಸಾವಿರ ಕೊಡಿಸಿದ ಪ್ರಕರಣಗಳಲ್ಲಿ ದೂರೇ ಇರುವುದಿಲ್ಲ. ಮೂರು ತಿಂಗಳ ಬಳಿಕ ಎಲುಬು ಕೂಡದೆ ಮತ್ತೆ ಆಪರೇಷನ್ ಆಗಬೇಕಾದಾಗ ಹಿಂದಿರುಗಿ ನೋಡಲು ಏನೂ ಉಳಿದಿರುವುದಿಲ್ಲ.

ಎಂಎಲ್‌ಸಿ ತಪ್ಪಾಗಿದೆಯೆಂದು ತಿಳಿದಾಗ ಗಾಯಾಳು ಎಚ್ಚರವಾದ ಕೂಡಲೇ ಪೊಲೀಸರಿಗೆ ಕೊಡುವ ಹೇಳಿಕೆಯಲ್ಲಿ ಸರಿಯಾದ ವಿವರವನ್ನು, ಆಸ್ಪತ್ರೆಯಲ್ಲಿ ಬೇರೆಯವರು ಹೇಳಿದ್ದೆಂಬುದನ್ನೂ ಸೇರಿಸಿ, ಬರೆಸಬೇಕು. ಹೆದ್ದಾರಿಯ ಧಾಬಾ, ಪೆಟ್ರೋಲ್ ಬಂಕ್, ಟೋಲ್ ನಾಕೆಗಳ ಸಿಸಿಟಿವಿಯಲ್ಲಿ ಹಳೆಯ ದೃಶ್ಯದ ಮೇಲೆ ಹೊಸದು ದಾಖಲಾಗುತ್ತಲೇ ಇರುತ್ತದೆ. ಆದ್ದರಿಂದ ಅದನ್ನು ಕಾಯ್ದಿಡುವಂತೆ ತನಿಖಾಧಿಕಾರಿಗೆ ಮೊದಲ ವಾರದಲ್ಲೇ ಲಿಖಿತ ಮನವಿ ಕೊಡಬೇಕು. ಆರು ತಿಂಗಳ ಗಡುವು ಇದ್ದರೂ ಇಲ್ಲದಿದ್ದರೂ ಈ ಕೆಲಸಕ್ಕೆ ಇರುವುದು ಕೆಲವೇ ದಿನ.

ವಿಮಾ ಕಂಪನಿಗಳ ಅನುಮಾನ

ಕಂಪನಿಗಳು ಎಲ್ಲವನ್ನೂ ಸಂಶಯದಿಂದ ನೋಡುತ್ತವೆ ಎಂಬ ದೂರು ಸಾಮಾನ್ಯ. ಆ ಸಂಶಯ ಪೂರಾ ಕಟ್ಟುಕಥೆಯಲ್ಲ. ಉತ್ತರ ಪ್ರದೇಶದಲ್ಲಿ ಸುಳ್ಳು ಕ್ಲೇಮುಗಳ ತನಿಖೆಗೆ 2015ರಲ್ಲಿ ವಿಶೇಷ ತಂಡ ರಚನೆಯಾಯಿತು, ಆ ವಿಷಯ ಸುಪ್ರೀಂ ಕೋರ್ಟಿನವರೆಗೂ ಹೋಯಿತು. ವಿಮೆಯಿಲ್ಲದ ವಾಹನದ ಜಾಗದಲ್ಲಿ ವಿಮೆಯಿರುವ ವಾಹನವನ್ನು ತೋರಿಸುವುದು, ಲೈಸೆನ್ಸ್ ಇಲ್ಲದ ಚಾಲಕನ ಬದಲಿಗೆ ಲೈಸೆನ್ಸ್ ಇರುವವನನ್ನು ನಿಲ್ಲಿಸುವುದು ಇಂಥ ಕ್ಲೇಮುಗಳ ಪರಿಚಿತ ವಿಧಾನಗಳು. ಇವುಗಳ ಬೆಲೆಯನ್ನು ತೆರುವವರು ಪ್ರಾಮಾಣಿಕ ಗಾಯಾಳುಗಳು, ಏಕೆಂದರೆ ಒಂದೆರಡು ದಿನ ತಡವಾದ ಅವರ ಎಫ್‌ಐಆರ್ ಕೂಡ ಅದೇ ಕಣ್ಣಿಗೆ ಬೀಳುತ್ತದೆ.

ತನ್ನದೇ ತಪ್ಪಿನಿಂದ ಬಿದ್ದವರ ಸ್ಥಿತಿ ಬೇರೆ. ಅರಸೀಕೆರೆ ಕಡೆ ವೇಗವಾಗಿ ಕಾರು ಓಡಿಸಿ ಮೃತಪಟ್ಟ ಚಾಲಕನ ಕುಟುಂಬಕ್ಕೆ ಪರಿಹಾರ ಇಲ್ಲವೆಂದ ಕರ್ನಾಟಕ ಹೈಕೋರ್ಟಿನ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ 2025ರ ಜುಲೈನಲ್ಲಿ ಮಧ್ಯಪ್ರವೇಶಿಸಲಿಲ್ಲ. ಬೇರೊಂದು ವಾಹನದ ತಪ್ಪಿನಿಂದ ಗಾಯಗೊಂಡವರಿಗೆ ಈ ತೀರ್ಪು ತಾಗುವುದಿಲ್ಲ, ಆದರೂ ಅದನ್ನು ಓದಿ ಅಂಜಿದವರು ಇದ್ದಾರೆ.

ಶೇಕಡಾ ಲೆಕ್ಕ: ಕಾಲಿಗೆಷ್ಟು, ದೇಹಕ್ಕೆಷ್ಟು, ದುಡಿಮೆಗೆಷ್ಟು

ಪರಿಹಾರದ ಮೊತ್ತವನ್ನು ನಿರ್ಧರಿಸುವ ನಿಜವಾದ ಜಾಗ ಇದು, ಮತ್ತು ಗಾಯಾಳುಗಳು ಅತಿ ಕಡಿಮೆ ತಯಾರಿ ಮಾಡಿಕೊಂಡು ಬರುವ ಜಾಗವೂ ಇದೇ. ವೈದ್ಯರು ‘ಬಲಗಾಲಿಗೆ ಶೇ 30ರಷ್ಟು ಶಾಶ್ವತ ಅಂಗವೈಕಲ್ಯ’ ಎಂದು ಬರೆದುಕೊಟ್ಟರೆ ಶೇ 30ರ ಲೆಕ್ಕದಲ್ಲೇ ಹಣ ಬರುತ್ತದೆಂದು ಮನೆಯವರು ತಿಳಿಯುತ್ತಾರೆ. ನ್ಯಾಯಮಂಡಳಿ ಹಾಗೆ ನೋಡುವುದಿಲ್ಲ. ಕಾಲಿನ ಶೇ 30 ಎಂದರೆ ಇಡೀ ದೇಹದ ಶೇ 30 ಅಲ್ಲ. ಅಂಗದ ಪ್ರಮಾಣದ ಮೂರರಲ್ಲೊಂದು ಪಾಲನ್ನು ಇಡೀ ದೇಹದ್ದೆಂದು ಹಿಡಿಯುವ ರೂಢಿ ನಮ್ಮಲ್ಲಿ ಗಟ್ಟಿಯಾಗಿದೆ. ಅದಾದ ಮೇಲೂ ಕೇಳಬೇಕಾದ ಪ್ರಶ್ನೆ ಒಂದಿದೆ: ಈ ವ್ಯಕ್ತಿಯ ದುಡಿಯುವ ಶಕ್ತಿ ಎಷ್ಟು ಕುಂದಿತು?

ಈ ಮೂರನ್ನೂ ಬೇರೆ ಬೇರೆಯಾಗಿ ನೋಡಬೇಕೆಂದು ಖಚಿತವಾಗಿ ಹೇಳಿದ್ದು ರಾಜ್‌ಕುಮಾರ್ ವಿರುದ್ಧ ಅಜಯ್‌ಕುಮಾರ್ ಪ್ರಕರಣದ 2010ರ ತೀರ್ಪು. ಎಡಗೈ ಕಳೆದುಕೊಂಡವನು ಚಾಲಕನೋ ಬಡಗಿಯೋ ಆಗಿದ್ದರೆ ಅವನ ದುಡಿಮೆ ಪೂರ್ತಿ ನಿಲ್ಲಬಹುದು, ಅದೇ ಗಾಯ ಗುಮಾಸ್ತನ ನೌಕರಿಯನ್ನು ಕಿತ್ತುಕೊಳ್ಳದೇ ಇರಬಹುದು ಎಂದು ಅದು ವಿವರಿಸುತ್ತದೆ.

ಒಂದು ಕಲ್ಪಿತ ಉದಾಹರಣೆ ನೋಡೋಣ. ಬ್ಯಾಡಗಿಯ ಮೆಣಸಿನಕಾಯಿ ಮಾರುಕಟ್ಟೆಯಲ್ಲಿ ಚೀಲ ಹೊರುವ 34 ವರ್ಷದ ಹಮಾಲನೊಬ್ಬನ ಬಲಗಾಲಿನ ಎಲುಬು ಮುರಿದು, ಮೊಣಕಾಲು ಪೂರ್ತಿ ಮಡಚಲು ಬರುತ್ತಿಲ್ಲ. ತಿಂಗಳ ಆದಾಯ 15,000 ರೂಪಾಯಿ ಎಂದಿಟ್ಟುಕೊಳ್ಳೋಣ. ಸರಳಾ ವರ್ಮಾ (2009) ತೀರ್ಪಿನ ಪಟ್ಟಿಯಂತೆ 31ರಿಂದ 35 ವಯಸ್ಸಿಗೆ ಗುಣಕ (ವರ್ಷದ ಆದಾಯವನ್ನು ಗುಣಿಸುವ ಸಂಖ್ಯೆ) 16. ಕಾಲಿನ ಶೇ 30ನ್ನು ಮೂರರಿಂದ ಭಾಗಿಸಿ ಶೇ 10 ಎಂದರೆ, 15,000ವನ್ನು 12ರಿಂದ, ಅದನ್ನು 16ರಿಂದ ಗುಣಿಸಿ, ಬಂದ 28,80,000ದಲ್ಲಿ ಶೇ 10, ಅಂದರೆ 2,88,000 ರೂಪಾಯಿ ಭವಿಷ್ಯದ ಆದಾಯ ನಷ್ಟವಾಗುತ್ತದೆ. ಬಾಗಿ ಚೀಲ ಎತ್ತಿ, ಹೊತ್ತು, ಹಲಗೆಯ ಮೇಲೆ ನಡೆದು ಲಾರಿ ಏರುವ ಕೆಲಸ ಇನ್ನು ಅವನಿಂದ ಆಗದೆಂದು ಸಾಬೀತಾಗಿ, ದುಡಿಮೆಯ ನಷ್ಟ ಶೇ 40 ಎಂದು ನ್ಯಾಯಮಂಡಳಿ ಒಪ್ಪಿದರೆ ಅದೇ ಮೊತ್ತ 11,52,000 ಆಗುತ್ತದೆ. ಕಾಲು ಅದೇ, ಎಕ್ಸ್‌ರೇ ಅದೇ. ನಡುವಿನ ಎಂಟು ಲಕ್ಷಕ್ಕೂ ಮೀರಿದ ವ್ಯತ್ಯಾಸ ನಿಂತಿರುವುದು ಕೆಲಸದ ಸ್ವರೂಪವನ್ನು ಯಾರು, ಎಷ್ಟು ವಿವರವಾಗಿ ಸಾಕ್ಷಿ ಹೇಳಿದರು ಎಂಬುದರ ಮೇಲೆ. ಗಾಯಾಳುವಿನ ಅಫಿಡವಿಟ್ಟಿನಲ್ಲಿ ‘ನನಗೆ ಮೊದಲಿನಂತೆ ಕೆಲಸ ಮಾಡಲು ಆಗುವುದಿಲ್ಲ’ ಎಂಬ ಸಿದ್ಧ ವಾಕ್ಯ ಮಾತ್ರ ಇದ್ದರೆ ಶೇ 10ರ ಲೆಕ್ಕವೇ ಗಟ್ಟಿ. ಆದಾಯದಲ್ಲಿ ಮುಂದೆ ಆಗಬಹುದಾದ ಏರಿಕೆಯನ್ನು ಗಾಯದ ಪ್ರಕರಣಗಳಲ್ಲೂ ಸೇರಿಸಬೇಕೆಂದು 2020ರ ಪಪ್ಪು ದೇವ್ ಯಾದವ್ ತೀರ್ಪು ಹೇಳಿದೆ. ಮೇಲಿನ ಲೆಕ್ಕದಲ್ಲಿ ಅದನ್ನು ಬದಿಗಿಡಲಾಗಿದೆ.

ಸರ್ಟಿಫಿಕೇಟು ಕೊಟ್ಟ ವೈದ್ಯರು ಯಾರು ಎಂಬುದೂ ಅಷ್ಟೇ ಮುಖ್ಯ. ಚಿಕಿತ್ಸೆ ನೀಡದ ವೈದ್ಯರು ಸರಿಯಾದ ತಪಾಸಣೆಯಿಲ್ಲದೆ ಕೊಡುವ ಸಿದ್ಧ ಪ್ರಮಾಣಪತ್ರಗಳ ಬಗ್ಗೆ ಎಚ್ಚರದಿಂದಿರಬೇಕೆಂದು ರಾಜ್‌ಕುಮಾರ್ ತೀರ್ಪು ನ್ಯಾಯಮಂಡಳಿಗಳಿಗೆ ಹೇಳಿದೆ. ಆಪರೇಷನ್ ಮಾಡಿದ ವೈದ್ಯರು ಕೇಸ್ ಶೀಟು, ಹಳೆಯ ಮತ್ತು ಹೊಸ ಎಕ್ಸ್‌ರೇಗಳನ್ನು ಮುಂದಿಟ್ಟುಕೊಂಡು ಮೊಣಕಾಲು ಎಷ್ಟು ಡಿಗ್ರಿ ಮಡಚುತ್ತದೆ, ಕಾಲು ಎಷ್ಟು ಸೆಂಟಿಮೀಟರ್ ಗಿಡ್ಡವಾಗಿದೆ ಎಂದು ಹೇಳಿದರೆ ಪಾಟೀಸವಾಲಿನಲ್ಲಿ ಅದು ನಿಲ್ಲುತ್ತದೆ. ಆದರೆ ಸರ್ಕಾರಿ ಆಸ್ಪತ್ರೆಯ ವೈದ್ಯರು ವರ್ಗವಾಗಿ ಹೋಗಿರುತ್ತಾರೆ, ಖಾಸಗಿಯವರು ಕೋರ್ಟಿಗೆ ಬರಲು ಹಿಂಜರಿಯುತ್ತಾರೆ. ಗಾಯಾಳುಗಳು ಸಿದ್ಧ ಪ್ರಮಾಣಪತ್ರಕ್ಕೆ ಮೊರೆಹೋಗುವುದು ಅನೇಕ ಸಲ ಈ ಕಾರಣಕ್ಕೆ. ವೈದ್ಯರ ಸಾಕ್ಷ್ಯವನ್ನು ವಿಡಿಯೊ ಮೂಲಕ ಪಡೆಯುವ ಪದ್ಧತಿ ಎಲ್ಲೆಡೆ ರೂಢಿಗೆ ಬಂದರೆ ಈ ಒಂದು ತೊಡಕು ಬಹುಮಟ್ಟಿಗೆ ಬಗೆಹರಿಯುತ್ತದೆ.

ಎಕ್ಸ್‌ರೇಗೆ ಕಾಣದ ಗಾಯ

ತಲೆಗೆ ಪೆಟ್ಟು ಬಿದ್ದು ಬದುಕುಳಿದವರ ಕ್ಲೇಮುಗಳು ಎಲ್ಲಕ್ಕಿಂತ ಕಷ್ಟದವು. ಗಾಯ ಮಾಗಿರುತ್ತದೆ, ಮನುಷ್ಯ ನಡೆದಾಡಿಕೊಂಡು ಸಾಕ್ಷಿಕಟ್ಟೆಗೆ ಬರುತ್ತಾನೆ. ಮರೆವು, ಸಿಟ್ಟು, ಬಿಡದ ತಲೆನೋವು, ಅಂಗಡಿಯ ಲೆಕ್ಕ ಹಿಡಿಯಲಾಗದ ಸ್ಥಿತಿ ಇವು ಮನೆಯವರಿಗೆ ಮಾತ್ರ ಗೊತ್ತು. ಮೊದಲ ದಿನದ ಸಿ.ಟಿ. ಸ್ಕ್ಯಾನ್, ಪ್ರಜ್ಞೆಯ ಮಟ್ಟದ ಟಿಪ್ಪಣಿ, ಬಳಿಕ ನರರೋಗ ಮತ್ತು ಮನೋವೈದ್ಯಕೀಯ ತಜ್ಞರ ತಪಾಸಣೆ ಇವು ಸರಪಳಿಯಂತೆ ಕೂಡಿದ್ದರೆ ಮಾತ್ರ ಇಂಥ ನಷ್ಟ ಕೋರ್ಟಿಗೆ ಕಾಣುತ್ತದೆ. ಧಾರವಾಡದಲ್ಲೇ ಡಿಮ್ಹಾನ್ಸ್‌ನಂಥ ಸರ್ಕಾರಿ ಮಾನಸಿಕ ಆರೋಗ್ಯ ಮತ್ತು ನರವಿಜ್ಞಾನ ಸಂಸ್ಥೆ ಇರುವಾಗ ಈ ಭಾಗದವರು ತಪಾಸಣೆಗೆ ಬೆಂಗಳೂರಿನವರೆಗೆ ಹೋಗಲೇಬೇಕೆಂದಿಲ್ಲ. ಜೊತೆಗೆ ಹೆಂಡತಿಯೋ ಅಣ್ಣನೋ ಸಾಕ್ಷಿಯಾಗಿ ಬಂದು ಹಿಂದಿನ ಮನುಷ್ಯನಿಗೂ ಈಗಿನವನಿಗೂ ಇರುವ ವ್ಯತ್ಯಾಸವನ್ನು ಹೇಳಬೇಕು.

ಆದಾಯದ ಪುರಾವೆ ಕೂಲಿಕಾರರಲ್ಲಿ ಇರುವುದು ಅಪರೂಪ. ಅಂಥಲ್ಲಿ ರಾಜ್ಯ ಕಾನೂನು ಸೇವಾ ಪ್ರಾಧಿಕಾರ ಲೋಕ್ ಅದಾಲತ್‌ಗಾಗಿ ಮಾಡಿದ ಅಂದಾಜು ಆದಾಯದ ವರ್ಷವಾರು ಪಟ್ಟಿಯನ್ನು ನ್ಯಾಯಾಲಯಗಳು ಆಧಾರವಾಗಿ ಬಳಸುತ್ತವೆ. ಪಟ್ಟಿಗಿಂತ ಹೆಚ್ಚು ದುಡಿಯುತ್ತಿದ್ದವರು ಎಪಿಎಂಸಿಯ ಹಮಾಲಿ ಲೈಸೆನ್ಸು, ಬ್ಯಾಂಕ್ ಪಾಸ್‌ಬುಕ್ಕು, ಫೋನ್ ಮೂಲಕ ಬಂದ ಹಣದ ವಿವರಗಳನ್ನು ತರಬೇಕಾಗುತ್ತದೆ.

ತೀರ್ಪು ಬಂದ ಮೇಲೆ

ಆರು ತಿಂಗಳ ಕಲಮನ್ನು ಸುಪ್ರೀಂ ಕೋರ್ಟ್ ಎತ್ತಿಹಿಡಿದರೆ, ತಡವಾಗಿ ಬಂದ ಅರ್ಜಿಗಳ ಭವಿಷ್ಯ ಪೊಲೀಸರ ವರದಿ ನ್ಯಾಯಮಂಡಳಿಗೆ ಯಾವಾಗ ತಲುಪಿತೆಂಬುದರ ಮೇಲೆ ನಿಲ್ಲುವ ಸಂಭವ ಹೆಚ್ಚು. ಆಗ ಠಾಣೆಯಿಂದ ವರದಿ ಹೋಗಿದೆಯೇ ಎಂದು ವಿಚಾರಿಸಿ ಪ್ರತಿ ಪಡೆಯುವುದು ಗಾಯಾಳುವಿಗೆ ಎಫ್‌ಐಆರ್ ಪ್ರತಿಯಷ್ಟೇ ಅಗತ್ಯವಾಗುತ್ತದೆ. ಕಲಮು ಬಿದ್ದುಹೋದರೆ ಹಳೆಯ ಪ್ರಕರಣಗಳು ಹೆಚ್ಚಿನ ಸಂಖ್ಯೆಯಲ್ಲಿ ಬರುತ್ತವೆ, ಅವುಗಳ ಮೇಲೆ ಕಂಪನಿಗಳ ಆಕ್ಷೇಪವೂ ಹರಿತವಾಗುತ್ತದೆ, ಪುರಾವೆಯ ಭಾರ ಈಗಿನದಕ್ಕಿಂತ ಹೆಚ್ಚು ಗಾಯಾಳುವಿನ ಹೆಗಲ ಮೇಲೆ ಬೀಳುತ್ತದೆ.

ಕೆಳಗೆ ಆದ ಕೊರತೆಯನ್ನು ಮೇಲೆ ತುಂಬಿಕೊಳ್ಳಬಹುದೆಂಬ ನಂಬಿಕೆಯೂ ಜನರಲ್ಲಿದೆ. ಗದಗ, ಹಾವೇರಿ, ಧಾರವಾಡ ಜಿಲ್ಲೆಗಳ ನ್ಯಾಯಮಂಡಳಿಗಳ ತೀರ್ಪಿನ ಮೇಲೆ 90 ದಿನಗಳೊಳಗೆ ಹೈಕೋರ್ಟಿನ ಧಾರವಾಡ ಪೀಠಕ್ಕೆ ಮೇಲ್ಮನವಿ ಸಲ್ಲಿಸಬಹುದು. 2008ರಲ್ಲಿ ಸಂಚಾರಿ ಪೀಠವಾಗಿ ಆರಂಭವಾಗಿ 2013ರಲ್ಲಿ ಕಾಯಂ ಆದ ಈ ಪೀಠದಿಂದ ಬೆಂಗಳೂರಿನ ಓಡಾಟ ತಪ್ಪಿದೆ. ಆದರೆ ಮೇಲ್ಮನವಿಯಲ್ಲಿ ನೋಡುವುದು ಮುಖ್ಯವಾಗಿ ಕೆಳಗಿನ ಕಡತವನ್ನೇ. ಹೊಸ ದಾಖಲೆ ಸೇರಿಸಲು ದಿವಾಣಿ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 27ನೇ ನಿಯಮದಡಿ ಪ್ರತ್ಯೇಕ ಅರ್ಜಿ ಹಾಕಿ, ಮೊದಲೇ ಏಕೆ ಕೊಡಲಿಲ್ಲ ಎಂಬುದಕ್ಕೆ ಕಾರಣ ತೋರಿಸಬೇಕು. ಒಪ್ಪಿಗೆ ಸಿಕ್ಕರೂ ಪ್ರಕರಣ ಸಾಕ್ಷ್ಯಕ್ಕಾಗಿ ಮತ್ತೆ ಕೆಳಗಿನ ನ್ಯಾಯಮಂಡಳಿಗೇ ಮರಳಬಹುದು, ಮತ್ತು ಆಪರೇಷನ್ ಮಾಡಿದ ವೈದ್ಯರನ್ನು ಹುಡುಕುವ ಕೆಲಸ ಮೊದಲಿನಿಂದ ಶುರುವಾಗುತ್ತದೆ.